ಅರವತ್ತೆರಡು

ಕುಟಾಯಿಸಿಯ ವಿಮಾನ ನಿಲ್ದಾಣದಲ್ಲಿ, ಲಗೇಜು ಬರುವ ಬೆಲ್ಟಿನ ಎದುರಿಗೆ
ಬಾಡಿಗೆ ಕಾರುಗಳ ಮೂರನೆಯ ಗೂಡು ನನ್ನದು.
ಹೆಸರು ಎಟೇರಿ. ಒಂಬತ್ತು ವರ್ಷದಿಂದ
ಜನರ ಮುಖಕ್ಕಿಂತ ಮುಂಚೆ ಅವರ ಫೋಟೋ ನೋಡುತ್ತೇನೆ.

ಮೊದಲು ಪಾಸ್‌ಪೋರ್ಟು. ಆಮೇಲೆ ಲೈಸೆನ್ಸು,
ಅಸಲು; ಮೊಬೈಲಿನಲ್ಲಿ ತೆಗೆದ ಚಿತ್ರವಲ್ಲ.
ಅದರ ಲಿಪಿ ನನಗೆ ಓದಲು ಬಾರದಿದ್ದರೆ ಜೊತೆಗೆ
ಬೂದು ರಟ್ಟಿನ ಅಂತರರಾಷ್ಟ್ರೀಯ ಪರವಾನಗಿ.
ರಟ್ಟೊಂದೇ ಬಂದರೆ ಸಾಲದು,
ಅದು ಬರೀ ದುಭಾಷಿ, ಮಾತಾಡಬೇಕಾದ್ದು ಲೈಸೆನ್ಸೇ.
ಕ್ರೆಡಿಟ್ ಕಾರ್ಡು ಓಡಿಸುವವರ ಹೆಸರಿನಲ್ಲೇ ಇರಬೇಕು.
"ನನ್ನ ಹೆಂಡತಿಯದು" ಎಂದು ನಕ್ಕರೆ ನಾನೂ ನಗುತ್ತೇನೆ,
ಕೀಲಿ ಮಾತ್ರ ಕೊಡುವುದಿಲ್ಲ.

ಅಳುವವರನ್ನೂ ಕಂಡಿದ್ದೇನೆ. ಕೌಂಟರಿನ ಮೇಲೆ ಬ್ಯಾಗು ಬೋರಲು ಹಾಕಿ
ಹಲ್ಲುಜ್ಜುವ ಬ್ರಷ್ಷು, ಮಗುವಿನ ಕಾಲುಚೀಲ, ಯಾವುದೋ ಗ್ರಂಥಾಲಯದ ಕಾರ್ಡು
ಎಲ್ಲ ಸಿಕ್ಕಿ ಅದೊಂದೇ ಸಿಗದವರನ್ನು.
ಹಿಂದಿನ ವಾರ ಅವಧಿ ಮುಗಿದ ಲೈಸೆನ್ಸು ಹಿಡಿದು
ಮದುವೆಯ ಮರುದಿನವೇ ಬಂದಿದ್ದನೊಬ್ಬ ಹುಡುಗ;
ಅವನ ಹೆಂಡತಿ ನನ್ನನ್ನು ನೋಡಿದ ನೋಟ ಇನ್ನೂ ಬೆನ್ನಿಗಂಟಿದೆ.

ಎಂಡೆಲ್ ಬಂದದ್ದು ಮಂಗಳವಾರ. ಎಸ್ಟೋನಿಯಾದ ಮುದುಕ,
ಎಂಬತ್ತೊಂದು ವರ್ಷ, ಇಸ್ತ್ರಿ ಮಾಡಿದ ಅಂಗಿ.
ಪ್ಲಾಸ್ಟಿಕ್ ಕವರಿನೊಳಗೆ ಕಾಗದಗಳನ್ನು
ನಾನು ಕೇಳುವ ಕ್ರಮದಲ್ಲೇ ಜೋಡಿಸಿಟ್ಟಿದ್ದ.
ಉಷ್ಗುಲಿಗೆ ಹೋಗಬೇಕು ಎಂದ. ಅಲ್ಲಿನ ಕಲ್ಲಿನ ಗೋಪುರಗಳನ್ನು
ಸೈನ್ಯದಲ್ಲಿದ್ದಾಗ ಲಾರಿಯ ಹಿಂಬದಿಯಿಂದ ನೋಡಿದ್ದನಂತೆ,
ದೂರವಾಗುತ್ತಾ ಹೋಗುವುದನ್ನು ಮಾತ್ರ.
ಈಗೊಮ್ಮೆ ಹತ್ತಿರವಾಗುವುದನ್ನು ನೋಡಬೇಕು,
ಮುಂದಿನ ಗಾಜಿನಿಂದ.

ಕಾರ್ಡು ತಿರುಗಿಸಿದೆ. ಯಾರೂ ತಿರುಗಿಸುವುದಿಲ್ಲ.
ಇರುವೆ ಸಾಲಿನಂಥ ಅಂಕಿಗಳ ಕೊನೆಯಲ್ಲಿ
ಸೊನ್ನೆ ಒಂದು: ಕನ್ನಡಕ ಬೇಕು. ಹಾಕಿಕೊಂಡೇ ಇದ್ದ.
ಅರವತ್ತೆರಡು: ಮನೆಯಿಂದ ಇಪ್ಪತ್ತು ಕಿಲೋಮೀಟರಿನ ಒಳಗೆ ಮಾತ್ರ.

"ಅಂಗಡಿ, ಆಸ್ಪತ್ರೆ, ಮಗಳ ಮನೆ," ಎಂದ.
"ಡಾಕ್ಟರು ಕೈವಾರ ಇಟ್ಟು ಸುತ್ತು ಎಳೆದುಬಿಟ್ಟರು.
ಸ್ಮಶಾನ ಒಳಗೇ ಬರುತ್ತದೆ, ನೋಡಿಕೊಂಡಿದ್ದೇನೆ."

"ಮನೆ ಇಲ್ಲಿಂದೆಷ್ಟು ದೂರ?" ಕೇಳಬಾರದಿತ್ತು, ಕೇಳಿದೆ.
ಉತ್ತರವನ್ನೂ ಕವರಿನಲ್ಲೇ ತಂದಿದ್ದ:
"ಮಲಗಿದ ಕಡೆಯೇ ಮನೆ. ಇವತ್ತು ಇಪ್ಪತ್ತು ಓಡಿಸಿ
ಯಾರದಾದರೂ ಕೋಣೆಯಲ್ಲಿ ಮಲಗುತ್ತೇನೆ. ನಾಳೆ ಅಲ್ಲಿಂದ ಇಪ್ಪತ್ತು.
ಹದಿಮೂರು ರಾತ್ರಿ ಸಾಕು."
ಬಿಚ್ಚಿದ ಭೂಪಟದ ಮೇಲೆ ಪೆನ್ಸಿಲ್ಲಿನ ವೃತ್ತಗಳು
ಒಂದರ ಕೈ ಒಂದು ಹಿಡಿದು ಬೆಟ್ಟ ಹತ್ತಿದ್ದವು.

ಮ್ಯಾನೇಜರಿಗೆ ಫೋನು ಮಾಡಿದೆ. ಆತ ಕೇಳಿದ್ದು ಒಂದೇ ಮಾತು:
ಗುದ್ದಿದರೆ ವಿಮೆಯವರು ಆ ಪೆನ್ಸಿಲ್ಲನ್ನು ನೋಡುತ್ತಾರಾ?

ಕೀಲಿ ಕೊಡಲಿಲ್ಲ.
ಕಾಗದಗಳನ್ನು ಅದೇ ಕ್ರಮದಲ್ಲಿ ಜೋಡಿಸಿ ಮರಳಿಸಿದೆ,
ನನ್ನ ಕೈಲಾದದ್ದು ಅಷ್ಟು.

ಬಿಡುವಿನಲ್ಲಿ ಮೊಬೈಲು ತೆಗೆದು ಅಳೆದೆ:
ನನ್ನ ಮನೆಯಿಂದ ಈ ಗೂಡಿಗೆ ಹದಿನಾಲ್ಕು ಕಿಲೋಮೀಟರು.
ಅಮ್ಮನ ಮನೆಗೆ ಆರು. ಮಾರುಕಟ್ಟೆಗೆ ಮೂರು.
ಉಷ್ಗುಲಿಯ ದಾರಿಯನ್ನು ದಿನಕ್ಕೆ ನಾಲ್ಕು ಸಲ ಬೆರಳಿಟ್ಟು ತೋರಿಸುತ್ತೇನೆ;
ನೋಡಿದ್ದು ಬೆನ್ನ ಹಿಂದಿನ ಪೋಸ್ಟರಿನಲ್ಲಿ.
ನನ್ನ ಲೈಸೆನ್ಸಿನ ಹಿಂಬದಿ ಖಾಲಿ. ಯಾವ ಅಂಕಿಯೂ ಇಲ್ಲ.
ಎರಡು ಸಲ ತಿರುಗಿಸಿ ನೋಡಿದೆ.

ಹೊರಗೆ ಮೆಸ್ಟಿಯಾಕ್ಕೆ ಹೋಗುವ ಮಾರ್ಶ್ರುತ್ಕಾ,
ತುಂಬುವ ತನಕ ಹೊರಡದ ಸಣ್ಣ ಬಸ್ಸು, ಕೊನೆಗೂ ತುಂಬಿತ್ತು.
ಡ್ರೈವರ್ ಗೋಚಾ ತನ್ನ ಪಕ್ಕದ ಸೀಟಿನಿಂದ
ಈರುಳ್ಳಿ ಮೂಟೆ ಎತ್ತಿ ಹಿಂದಕ್ಕೆ ಹಾಕಿದ,
ಮುದುಕನ ಯಾವ ಕಾಗದವನ್ನೂ ಕೇಳದೆ.
ಆ ಗಾಡಿಯಲ್ಲಿ ಯಾರೂ ಕಟ್ಟದ ಬೆಲ್ಟನ್ನು ಹುಡುಕಿ ಕಟ್ಟಿಕೊಂಡು
ಎಂಡೆಲ್ ಕನ್ನಡಕ ಒರೆಸಿದ.

ಗೇಟಿನ ತಿರುವಿನಲ್ಲಿ ಗೋಚಾ, ಎಂದಿನಂತೆ, ವೇಗ ತಗ್ಗಿಸಲಿಲ್ಲ.
ಗಾಜಿನಾಚೆ ಮುದುಕನ ಹೆಗಲು ಸೆಟೆದದ್ದು ಕಂಡಿತು.
ಇಲ್ಲದ ಬ್ರೇಕನ್ನು
ಒತ್ತಿರಬೇಕು ಬಲಗಾಲು.