ಇಬ್ಬನಿಗಳ್ಳಿ

ಊರ್ಡಿಗೆರೆಯಲ್ಲಿ ಬಸ್ಸಿಳಿದು ದುರ್ಗದ ಕಡೆಗೆ ಎರಡು ಮೈಲಿ,
ಹೊಳೆಮತ್ತಿಯ ನೆರಳಲ್ಲಿ ಬಂಡೆ ಬೆವರುವ ಜಾಗ.
ಒಂದೂಕಾಲು ಎಕರೆ ಜೌಗು.
ಕಾಲಿಟ್ಟರೆ ನೆಲ
ಚಪ್ಪಲಿಯನ್ನು ತನ್ನ ಹತ್ತಿರವೇ ಇಟ್ಟುಕೊಳ್ಳುತ್ತದೆ.

ತಂತಿ ಬೇಲಿ, ಹಸಿರು ಬೋರ್ಡು.
ಬೋರ್ಡಿನ ಮೇಲಿನ ನಲವತ್ತೊಂದು ಹೆಸರೂ ನಾನು ಕೊಟ್ಟ ಪಟ್ಟಿ:
ಬಜೆ, ನೀರುಬ್ರಾಹ್ಮಿ, ಕೊಳವಳಿಕೆ, ಒಂದೆಲಗ.
ಒಂದೆಲಗದ ಲ ಮರೆತ ಪೇಂಟರು
ಆಮೇಲೆ ಅದನ್ನು ತಲೆಯ ಮೇಲೆ ಚಿಕ್ಕದಾಗಿ ತುರುಕಿದ್ದಾನೆ.

ಹದಿನಾರನೆಯದು ಆ ಪುಟಾಣಿ.
ರೂಪಾಯಿ ಬಿಲ್ಲೆಯಷ್ಟು ಕೆಂಪು,
ಎಲೆಯೆಲೆಗೂ ಅಂಟು ಹನಿ, ಹನಿಗೊಂದು ನುಸಿ.
ಮೊದಲು ತೋರಿಸಿದವಳು ಪುಟ್ಟನರಸಮ್ಮ,
ಜೊಂಡು ಕೊಯ್ಯುತ್ತಿದ್ದವಳು, ಕುಡುಗೋಲ ತುದಿಯಿಂದ:
"ಇಬ್ಬನಿಗಳ್ಳಿ ಕಣ್ ಸೋಮಿ ಅದು.
ಮಟಮಟ ಮಧ್ಯಾನ್ದಾಗೂ ಆರಾಕಿಲ್ಲ.
ಯಾರ್ದೋ ಬೆಳಗ್ಗೇನ ಕದ್ದಿಟ್ಕೊಂಡೈತೆ."

ನಾನು ಅದರ ಲ್ಯಾಟಿನ್ ಹೆಸರು ಬರೆದುಕೊಂಡೆ.
ವರದಿಯ ಕೊನೆಗೆ ಬರೆದೆ: ಜನಸಂಚಾರ ತಡೆಯತಕ್ಕದ್ದು.
ಆ ಜನ ಎಂದರೆ
ಒಬ್ಬಳು ಹೆಂಗಸು, ಒಂದು ಕುಡುಗೋಲು,
ವರ್ಷಕ್ಕೆ ಮೂವತ್ತು ಚಾಪೆ.

ಐದು ಮಳೆಗಾಲ ಕಳೆದು ಬಂದಿದ್ದೇನೆ.
ಬೀಗದ ಕೈ ವಾಚರ್ ರಂಗಶಾಮಯ್ಯನ ಸೊಂಟದಲ್ಲಿ.
ಜೊಂಡು ಎದೆಮಟ್ಟ, ಅದಕ್ಕೆ ಯಾರ ಹಂಗೂ ಇಲ್ಲ.
ಕಂದು ಕದಿರು ಬಿರಿದು ಹತ್ತಿ ಹಾರುತ್ತಿದೆ,
ಬುಡದಲ್ಲಿ ಹಗಲಿಗೇ ಕತ್ತಲು.
ಮಂಡಿಯೂರಿ ಕೈಯಾಡಿಸಿದೆ:
ಬಜೆಯ ಗಾಟು, ಒಂದು ಕಪ್ಪೆ, ತಣ್ಣನೆಯ ಬೇರು.
ಹದಿನಾರನೆಯದು ಇಲ್ಲ.

ಬೇಲಿಯಾಚೆ ಅವಳು.
ಇಲಾಖೆಯ ನರ್ಸರಿಯಲ್ಲಿ ಈಗ ಪ್ಲಾಸ್ಟಿಕ್ ಚೀಲಕ್ಕೆ ಮಣ್ಣು ತುಂಬುವ ಕೂಲಿ,
ಉಗುರಿನ ತುಂಬ ಕೆಮ್ಮಣ್ಣು.
"ಬಿಸಿಲುಂಬೋ ಜಾತಿ ಸೋಮಿ ಅದು.
ನಾನ್ ಕೊಯ್ದು ಬಯ್ಲಾದ್ ಜಾಗದಾಗೇ ಬಂದ್ ಕೂರ್ತಿತ್ತು."
ಅಷ್ಟೇ ಅಂದಳು. ಬೈದಿದ್ದರೆ ಚೆನ್ನಾಗಿತ್ತು.

ರಂಗಶಾಮಯ್ಯ ಬೀಡಿ ಹಚ್ಚಲು ಅತ್ತ ತಿರುಗಿದ,
ಕಡ್ಡಿ ಮೂರು ಗೀರಿದರೂ ಇತ್ತ ನೋಡಲಿಲ್ಲ.
ಗೇಟು ತೆರೆದೇ ಇತ್ತು, ಅವಳು ಬರಲಿಲ್ಲ.
ತಂತಿಯ ಕೆಳಗಿಂದ ಕುಡುಗೋಲು ಜರುಗಿಸಿದಳು,
ಹಿಡಿ ನನ್ನ ಕಡೆಗೆ.
"ಬುಡಕ್ಕೇ ಹಾಕ್ಬ್ಯಾಡಿ. ನಾಕ್ ಬೆಟ್ಟು ಬುಟ್ಟು ಕೊಯ್ರಿ."

ಮೊದಲ ಕೊಯ್ತ ಸೊಟ್ಟ.
ಎರಡನೆಯದಕ್ಕೆ ಬೆರಳು ಕುಯ್ಯಿತು.
ಮೂರನೆಯದಕ್ಕೆ, ಅಂಗೈ ಅಗಲದ ಕೆಸರಿಗೆ
ಬಿಸಿಲು ಇಳಿದು ಕೂತಿತು,
ಇನ್ನೂ ಏನನ್ನೂ ಹಿಡಿಯದೆ.