ಕಾಜಾ

ಕಬ್ಬನ್‌ಪೇಟೆಯ ಒಂದು ಅಡ್ಡಗಲ್ಲಿಯಲ್ಲಿ
ಹತ್ತಡಿ ಅಗಲ, ಹದಿಮೂರಡಿ ಉದ್ದ,
ಒಂದು ಬಾಗಿಲು, ಒಂದು ಕಾಜಾ ಮಿಷನ್ನು,
ಗೋಡೆಗಾನಿಸಿದ ಎರಡು ಸ್ಟೂಲು.
ಇಷ್ಟನ್ನು ಯಮುನಾಬಾಯಿ ನನಗೆ ದಾನಪತ್ರ ಮಾಡಿದಳು.
ಇವರು ನಿಮಗೇನಾಗಬೇಕು ಅಂತ ಪತ್ರಬರಹಗಾರ ಕೇಳಿದ್ದಕ್ಕೆ
"ತಂಗಿ. ಬರ್ಕೊಳ್ರೀ" ಅಂದಳು
ಎಲೆಯಡಿಕೆ ದವಡೆಗೆ ಒತ್ತರಿಸಿಕೊಂಡು.

ಅವಳ ವರ್ಷದ ಕಾರ್ಯ ಮುಗಿದ ಮೇಲೆ
ಆದೇಶ ಬಂತು.
ಲೆಕ್ಕ ತಪಾಸಣೆಯವರು ಕಣ್ಣಿಟ್ಟು ನೋಡಿದರಂತೆ:
ಅವಳ ತಂದೆ ತುಕೋಜಿರಾವ್, ನನ್ನ ತಂದೆ ಬನಶಂಕರಯ್ಯ,
ಎರಡು ಹೆಸರು, ಆದ್ದರಿಂದ ಎರಡು ಮನೆ.
ಕಾನೂನಿನ ಕುಟುಂಬದಲ್ಲಿ ಗಂಡ ಇದ್ದಾನೆ, ಹೆಂಡತಿ ಇದ್ದಾಳೆ,
ಮಗ, ಮಗಳು, ಸೊಸೆ, ಒಡಹುಟ್ಟಿದವರು;
ಒಂದೇ ಟ್ಯೂಬ್‌ಲೈಟಿನಡಿ ಮೂವತ್ತೊಂದು ವರ್ಷ
ಊರಿನವರ ಅಂಗಿಗೆ ಗುಂಡಿಮನೆ ಹೊಲಿದವರು ಇಲ್ಲ.
ಹಾಗಾಗಿ ಮಾರ್ಗಸೂಚಿ ಬೆಲೆಯ ಮೇಲೆ ಪೂರ್ತಿ ಮುದ್ರಾಂಕ ಶುಲ್ಕ,
ಮೇಲೆ ದಂಡ:
ಮೂರು ಲಕ್ಷದ ನಲವತ್ತಾರು ಸಾವಿರದ ಇನ್ನೂರ ಹತ್ತು.

ಆ ಹತ್ತು ನೋಡಿ ನಗು ಬಂತು.
ಕಾಜಾ ಒಂದಕ್ಕೆ ನಮಗೆ ಒಂದು ರೂಪಾಯಿ.
ಅಂಗಿಗೆ ಏಳರಂತೆ ಭಾಗಿಸುತ್ತಾ ಕೂತು
ಮಧ್ಯರಾತ್ರಿಗೆ ಪೆನ್ಸಿಲ್ ಕೆಳಗಿಟ್ಟೆ.

ಹಡ್ಸನ್ ಸರ್ಕಲ್ ದಾಟಿ ಪಾರ್ಕಿನೊಳಗಿಂದ ನಡೆದರೆ
ಹೈಕೋರ್ಟು ಇಪ್ಪತ್ತೈದು ನಿಮಿಷ.
ಐವತ್ತೆಂಟು ವರ್ಷ ಇದೇ ಊರಲ್ಲಿದ್ದು
ಆ ಕೆಂಪು ಗೋಡೆಯ ಒಳಮೈ ನೋಡಿರಲಿಲ್ಲ.
ಮುದ್ರಾಂಕದ ಜಗಳಕ್ಕೂ
ಮೊದಲು ಮುದ್ರಾಂಕ ಅಂಟಿಸಬೇಕು, ಗೊತ್ತಾ?

ವಕೀಲೆ ಸಬೀಹಾ ಕಡತ ತಿರುವಿ ಹೇಳಿದಳು:
"ಅಕ್ಕ ತಂಗಿ ಅನ್ನೋದನ್ನ ಇಲ್ಲಿ ವಾದ ಮಾಡೋಕಾಗಲ್ಲಮ್ಮ.
ಇಲ್ನೋಡಿ, ನೋಟಿಸ್ ಹೋಗಿರೋದು ಯಮುನಾಬಾಯಿ ಹೆಸರಿಗೆ,
ಅವರು ತೀರಿಕೊಂಡು ನಾಲ್ಕು ತಿಂಗಳಾದ್ಮೇಲೆ.
ನಿಮ್ಮನ್ನ ಕರೆದು ಕೇಳೇ ಇಲ್ಲ. ನಮಗಿಷ್ಟು ಸಾಕು."

ನನಗೆ ಸಾಲಲಿಲ್ಲ.
ವಾಣಿ ವಿಲಾಸದಲ್ಲಿ ನನ್ನ ಗರ್ಭಕೋಶ ತೆಗೆದ ದಿನ
ಕಾಗದದಲ್ಲಿ 'ಸಂಬಂಧ' ಅನ್ನುವ ಚುಕ್ಕಿಗೆರೆಯ ಮೇಲೆ
'ಅಕ್ಕ' ಅಂತ ಬರೆದು ಸಹಿ ಹಾಕಿದ್ದು ಅವಳೇ.
ಅವತ್ತು ಯಾವ ಸರ್ಕಾರವೂ ತಕರಾರು ಎತ್ತಲಿಲ್ಲ.

ಮೂರು ಸಲ ಪಟ್ಟಿಯಲ್ಲಿ ಬಂದು ಮೂರೂ ಸಲ ಮುಂದಕ್ಕೆ.
ನಾಲ್ಕನೇ ಸಲ ಎರಡೇ ನಿಮಿಷ.
ಫ್ಯಾನಿನ ಸದ್ದಲ್ಲಿ ನನ್ನ ಹೆಸರು ಮಾತ್ರ ಕೇಳಿಸಿತು.
ಹಳೇ ಆದೇಶ ರದ್ದು; ಜಿಲ್ಲಾ ನೋಂದಣಾಧಿಕಾರಿ
ನನ್ನನ್ನು ಕರೆದು, ಕೇಳಿ, ಹೊಸದಾಗಿ ತೀರ್ಮಾನಿಸಬೇಕು.
"ಅರ್ಜಿದಾರಳು ದಾನಿಯ ತಂಗಿಯೇ ಎಂಬ ಪ್ರಶ್ನೆಯನ್ನು
ಮುಕ್ತವಾಗಿ ಇಡಲಾಗಿದೆ."

ಗೆದ್ವಾ? ಅಂದೆ.
ಅರ್ಧ, ಅಂದಳು ಸಬೀಹಾ, ಕೋಟು ಬಿಚ್ಚುತ್ತಾ.
ಅದರ ಎರಡನೇ ಕಾಜಾ ಎಳೆ ಬಿಟ್ಟಿತ್ತು.
ಕೊಡಮ್ಮಾ, ನಾಳೆ ತಂದುಕೊಡ್ತೀನಿ ಅಂತ ಇಸಕೊಂಡೆ.

ಸಂಜೆ ಮಿಷನ್ನಿಗೆ ಎಣ್ಣೆ ಬಿಟ್ಟು ಕೂತೆ,
ಪಕ್ಕದ ಸ್ಟೂಲಿನ ಮೇಲೆ ಕಡತ.
ಮುಕ್ತವಾಗಿಡುವುದು ನನಗೇನು ಹೊಸ ಕಸುಬಲ್ಲ:
ಮೊದಲು ಸುತ್ತಲೂ ದಾರ, ಒತ್ತಾಗಿ, ಎಳೆ ಬಿಚ್ಚದ ಹಾಗೆ,
ಆಮೇಲೆ ನಡುವೆ ಒಂದೇ ಏಟು ಬ್ಲೇಡು.
ಅಕ್ಕ ಕಲಿಸಿದ್ದು.

ಮುಂದಿನ ತಿಂಗಳು ಹನ್ನೊಂದಕ್ಕೆ ವಿಚಾರಣೆ.
ಆಸ್ಪತ್ರೆಯ ಕಾಗದ ಹುಡುಕಬೇಕು.
ಟ್ರಂಕಿನ ತಳದಲ್ಲಿ ಇದ್ದೀತು,
ಅವಳ ಅಂಗುಸ್ತಾನದ ಡಬ್ಬಿಯ ಕೆಳಗೆ.