ಡಬ್ಬಿ ನಂಬರ್ ೧೧೭

ಬಾಗಿಲು ತೆಗೆದ ಕೂಡಲೇ ಮೂಗಿಗೆ ತಿಳಿಯುತ್ತದೆ
ಯಾವ ಕಪಾಟಿನಲ್ಲಿ ಯಾರು ಹುಳಿಯುತ್ತಿದ್ದಾರೆಂದು.
ಉಪ್ಪಿನಕಾಯಿ ಭರಣಿಯಲ್ಲ, ಫಿಲ್ಮು.
ಹದಿನಾರು ಮಿಲಿಮೀಟರಿನ ಸುರುಳಿ,
ಸೊಲ್ಲಾಪುರದ ತಗಡಿನ ಕೆಳಗೆ ನಲವತ್ತು ಬೇಸಿಗೆ ಬೆಂದದ್ದು.

ಪ್ರತಿ ಡಬ್ಬಿಯೊಳಗೂ ಒಂದು ನೀಲಿ ಕಾಗದದ ಚೂರು ಇಡುತ್ತೇನೆ.
ಮರುದಿನವೂ ನೀಲಿಯಿದ್ದರೆ ಸರಿ.
ಹಸಿರಾದರೆ ನಾನು ಅವಸರ ಮಾಡಬೇಕು.
ಹಳದಿಯಾದರೆ
ಯಾರಿಗೆ ಫೋನ್ ಮಾಡಿಯೂ ಉಪಯೋಗವಿಲ್ಲ.

ಮುಂಬಯಿಯಿಂದ ಬೇಡಿಕೆ ಬರುತ್ತದೆ:
"ಕಾರ್ಮಿಕರು, ಗುಂಪು, ಹಳೇ ಕಾಲ, ಹನ್ನೆರಡು ಸೆಕೆಂಡು.
ಊರು ಯಾವುದಾದರೂ ನಡೆಯುತ್ತದೆ."
ನಡೆಯುತ್ತದೆ, ನನಗೆ ಗೊತ್ತು.
ನೂರಾ ಹದಿನೇಳರಲ್ಲಿರುವ ನಮ್ಮ ಮಿಲ್ಲಿನ ಗೇಟು
ಒಮ್ಮೆ ಕಾನ್ಪುರವಾಗಿದೆ, ಎರಡು ಸಲ ಅಹಮದಾಬಾದು,
ಹೊಗೆಕೊಳವೆ ಕತ್ತರಿಸಿಕೊಂಡು ಒಮ್ಮೆ ಕೋಲ್ಕತ್ತದ ಸೆಣಬು.
ಸೆಕೆಂಡಿಗೆ ಇಷ್ಟು ಎಂದು ಬಿಲ್ಲು ಬರೆಯುತ್ತೇನೆ.
ಆ ದುಡ್ಡಿನಿಂದಲೇ ಏಸಿ ಓಡುವುದು,
ಜನರೇಟರು ಡೀಸೆಲ್ ಕುಡಿಯುವುದು,
ನನ್ನ ಮನೆಗೆ ಜೋಳ ಬರುವುದು.

ತೆಗೆದವರು ರೇವಣಸಿದ್ಧ ಮಾಳಗೆ.
ಮುಚ್ಚಳದ ಮೇಲೆ ಅವರ ಗೀಚು,
ಮೋಡಿಯೋ ಕನ್ನಡವೋ ಎಂದು ವಾರವಿಡೀ ನೋಡಿದ್ದೆ:
'ಪಾಳಿ ಬಿಡುವುದು. ಸಂಜೆ.'
ಅಷ್ಟೇ.

ಸದ್ದಿಲ್ಲ. ಗೇಟು ತೆರೆಯುತ್ತದೆ, ಹೆಂಗಸರು ಬರುತ್ತಾರೆ,
ಕೂದಲಲ್ಲಿ ಹತ್ತಿಯ ಧೂಳು.
ಏಳನೇ ಸೆಕೆಂಡಿಗೆ ಒಬ್ಬಳು ನಿಂತು
ಮಿಲ್ಲಿನ ಕಡೆ ತಿರುಗಿ ನೋಡುತ್ತಾಳೆ.
ಆ ಕತ್ತಿನ ತಿರುವಿಗೇ ಗಿರಾಕಿಗಳು ದುಡ್ಡು ಕೊಡುವುದು.
ಕಾರ್ಡಿನಲ್ಲಿ 'ವಿದಾಯ' ಎಂದು ಬರೆದವಳು ನಾನೇ.

ಮೇ ತಿಂಗಳಲ್ಲಿ ಶೇಳಗಿಯಿಂದ ನಾಗರಬಾಯಿ ಹತ್ತೂರೆ ಬಂದರು,
ಮೊಮ್ಮಗನ ಸ್ಕೂಟರಿನ ಹಿಂದೆ ಅಡ್ಡ ಕೂತು.
ಟೀವಿಯಲ್ಲಿ ತಮ್ಮನ್ನೇ ಕಂಡರಂತೆ,
ಕೆಳಗೆ ಬೇರೆ ಊರಿನ ಹೆಸರಿತ್ತಂತೆ.
ಕೈಗವಸು ಹಾಕಿ ಸುರುಳಿ ತಿರುಗಿಸಿದೆ,
ಏಳಕ್ಕೆ ನಿಲ್ಲಿಸಿದೆ, ಕಾರ್ಡು ಓದಿ ಹೇಳಿದೆ.

"ವಿದಾಯ ಅಲ್ಲವಾ ಅದು, ಬುತ್ತಿ ಡಬ್ಬಿ.
ಭೋಂಗಾ ಆಗಿ ಅರ್ಧಾ ತಾಸಾಗಿತ್ತು.
ಆ ಮನುಷ್ಯಾ ನಮ್ಮನ್ನ ನಾಕ ಸಲ ಹೊರಗ ಕರದ.
ಬಿಸಲ ಸರಿ ಬಿದ್ದಿಲ್ಲ, ಒಳಗ ಹೋಗ್ರಿ, ಮತ್ತ ಬರ್ರಿ ಅಂದ.
ಎರಡನೇ ಸಲ ನಕ್ಕೋತ ಬಂದ್ವಿ, ನಗಬ್ಯಾಡ್ರಿ ಅಂದ.
ನಾಕನೇ ಸಲಕ್ಕ ನೆನಪಾತು, ಡಬ್ಬಿ ಒಳಗ ಬಿಟ್ಟೀನಂತ.
ಐದನೇ ಸಲ ಖರೇನ ಮನೀಗೆ ಹೋದ್ವಿ.
ಅದನ್ನ ಯಾರೂ ತಗೀಲಿಲ್ಲ."

ಅವರು ಹೋದ ಮೇಲೆ ಕೆಳಗಿನ ಸಾಲಿನಲ್ಲಿ ತಡಕಿದೆ.
ಕತ್ತರಿಸಿ ಬಿಟ್ಟ ಚೂರುಗಳದೊಂದು ಡಬ್ಬಿ,
ತುಕ್ಕು ಹಿಡಿದ ಮುಚ್ಚಳ ಸ್ಕ್ರೂಡ್ರೈವರಿಗೆ ಬಗ್ಗಿತು.
ಒಳಗೆ ಬೆಲ್ಲದ ಅಚ್ಚಿನಂಥ ಗಟ್ಟಿ ಬಿಲ್ಲೆ,
ಸುತ್ತಿಗೆ ಸುತ್ತು ಅಂಟಿ, ಬಿಚ್ಚಿದರೆ ಪುಡಿ.
ಕಾಗದ ಮಧ್ಯಾಹ್ನದೊಳಗೇ ಹಳದಿ.
ತುದಿಯಲ್ಲಿ ಮಾತ್ರ, ದೀಪಕ್ಕೆ ಹಿಡಿದರೆ, ಮೂರು ಫ್ರೇಮು:
ಗೇಟು, ಯಾರದೋ ಮೊಣಕೈ,
ಬಿಟ್ಟ ಬಾಯಿ.
ನೆಗೆಟಿವ್ ಆದ್ದರಿಂದ ಹಲ್ಲು ಕಪ್ಪು.

ಹುಳಿತದ್ದನ್ನು ಉಳಿದವುಗಳ ಜೊತೆ ಇಡಬಾರದು,
ಹುಳಿ ಹಬ್ಬುತ್ತದೆ. ಎಸೆಯಬೇಕು ಅಂತಲೂ ನಿಯಮವಿದೆ.
ಹೊರಗಿನ ಕಿಟಕಿಯಲ್ಲಿಟ್ಟಿದ್ದೇನೆ,
ನಲವತ್ನಾಲ್ಕು ಡಿಗ್ರಿಯಲ್ಲಿ,
ಇನ್ನು ಅದಕ್ಕೇನು ಆಗುವುದಿದೆ.

'ವಿದಾಯ' ಹೊಡೆದುಹಾಕಿ ಕಾರ್ಡಿನಲ್ಲಿ ಬರೆದೆ:
'ನಾಲ್ಕನೇ ಸಲ. ಬುತ್ತಿ ಒಳಗೇ ಉಳಿದಿದೆ.'
ಹನ್ನೆರಡು ಸೆಕೆಂಡಿನ ಜೊತೆ ಅದನ್ನೂ ಮುಂಬಯಿಗೆ ಕಳಿಸಿದೆ.
ಎರಡು ದಿನಕ್ಕೆ ಉತ್ತರ ಬಂತು:
ತಲುಪಿತು, ಧನ್ಯವಾದ.
ಸೈರನ್ನಿನ ಸದ್ದು ಸೇರಿಸಿ ಕೊಟ್ಟರೆ
ಸೆಕೆಂಡಿಗೆ ಎಷ್ಟು?